ಹತ್ತುವುದಾಗಲಿ ಇಳಿಯುವುದಾಗಲಿ

ತಾರಸಿಯ ಮೇಲೆ ಒಂದು ಕೋಣೆ ಕಟ್ಟಿಕೊಳ್ಳಲು ಅನುಮತಿ ಕೊಡಿ ಎಂದು ಹಾಸಿಗೆ ಮಾಸ್ತರ ನಗರಸಭೆಗೆ ಅರ್ಜಿ ಕೊಟ್ಟ. ನಗರಸಭೆ ಆಗಲಿ ಎನ್ನಲಿಲ್ಲ, ಆಗದು ಎಂದೂ ಎನ್ನಲಿಲ್ಲ. ಅರ್ಜಿ ಕೊಟ್ಟಾಗ ಹಾಲುಹಲ್ಲು ಉದುರಿಸಿಕೊಳ್ಳುತ್ತಿದ್ದ ಅವನ ಕಿರಿಮಗಳು ಈಗ ಅಮ್ಮನ ಚಪ್ಪಲಿ ಕದ್ದು ಹಾಕಿಕೊಳ್ಳುವಷ್ಟು ದೊಡ್ಡವಳಾಗಿದ್ದಳು.

ಮನೆ ಎಂದರೆ ಮುಂದೆ ಹಾಸಿಗೆ ಅಂಗಡಿ, ಹಿಂದೆ ಒಂದು ಕೋಣೆ, ಅದರ ಹಿಂದೆ ಒಬ್ಬರು ತಿರುಗಬೇಕಾದರೆ ಇನ್ನೊಬ್ಬರು ಹೊರಗೆ ಬರಬೇಕಾದ ಅಡುಗೆಮನೆ. ಆ ಒಂದು ಕೋಣೆಯಲ್ಲಿ ಮಾಸ್ತರನ ಹೆಂಡತಿ, ಇಬ್ಬರು ಹೆಣ್ಣುಮಕ್ಕಳು ಮತ್ತು ಹೆಂಡತಿಯ ಅಪ್ಪ ಮಲಗಬೇಕು. ಮಾವ ಜೀವಮಾನವಿಡೀ ಹರಾಜು ಕೂಗಿದವರು. ಅವರು ನಿವೃತ್ತರಾಗಿದ್ದರೂ ಅವರ ಗಂಟಲು ನಿವೃತ್ತಿ ಪಡೆದಿರಲಿಲ್ಲ. ಕಣ್ಣು ಮುಚ್ಚಿದರೋ ಇಲ್ಲವೋ ಶುರು: "ತೇಗದ ಬೀರು, ಕನ್ನಡಿ ಸಮೇತ! ಒಂದು ಸಲ... ಎರಡು ಸಲ..." ಅಷ್ಟಕ್ಕೆ ನಿಲ್ಲಿಸಿ ಮಗ್ಗುಲು ಬದಲಾಯಿಸಿಬಿಡುತ್ತಿದ್ದರು. ಮೂರನೆಯ ಸಲವನ್ನೂ ಹೇಳಿಬಿಟ್ಟಿದ್ದರೆ ಉಳಿದವರು ನಿದ್ದೆ ಹೋಗುತ್ತಿದ್ದರೋ ಏನೋ. ಆ ಬೀರು ಯಾರ ಪಾಲಾಯಿತು ಎಂದು ಕಾಯುತ್ತಲೇ ತಾಯಿಮಕ್ಕಳು ಬೆಳಗು ಮಾಡುತ್ತಿದ್ದರು.

ಮಾಸ್ತರ ಮಾತ್ರ ಅಂಗಡಿಯಲ್ಲಿ, ಗಿರಾಕಿಗಳಿಗೆ ತಲುಪಿಸಬೇಕಾದ ಹೊಸ ಹಾಸಿಗೆಗಳ ಮೇಲೆ ಹಾಯಾಗಿ ಮಲಗುತ್ತಿದ್ದ. ಆ ಬಡಾವಣೆಯ ಯಾವ ಹೊಸ ಹಾಸಿಗೆಯ ಮೇಲಾದರೂ ಮೊದಲ ಗೊರಕೆ ಅವನದೇ. ಅದಕ್ಕೆ ಅವನು ಇಟ್ಟಿದ್ದ ಹೆಸರು ತಪಾಸಣೆ.

"ನನಗೇನು ಅರಮನೆ ಬೇಡ," ಎಂದಿದ್ದಳು ಹೆಂಡತಿ. "ಮೇಲೆ ಅಪ್ಪನಿಗೊಂದು ಕೋಣೆ ಕಟ್ಟಿಸಿಕೊಡಿ. ಇಲ್ಲಾಂದ್ರೆ ನಾನು ಮಕ್ಕಳನ್ನ ಕರ್ಕೊಂಡು ಅಕ್ಕನ ಮನೆಗೆ ಹೋಗ್ತೀನಿ."

"ಮಾವ?"

"ಅಪ್ಪ ನಿಮ್ಮ ಜೊತೇಲೇ ಇರ್ತಾರೆ."

ಮಾಸ್ತರ ಮರುದಿನವೇ ಅರ್ಜಿ ಕೊಟ್ಟಿದ್ದ.

ನಕ್ಷೆ ವಿಭಾಗದ ಸಾಹೇಬರು ಕೆಟ್ಟವರಲ್ಲ. ಬೈಯುತ್ತಿರಲಿಲ್ಲ, ಗದರುತ್ತಿರಲಿಲ್ಲ, ಮೇಜಿನ ಕೆಳಗೆ ಕೈ ಚಾಚುತ್ತಲೂ ಇರಲಿಲ್ಲ. "ನೋಡೋಣ" ಎನ್ನುತ್ತಿದ್ದರು, ಅಷ್ಟೇ. ಆ ಒಂದು ಮಾತನ್ನು ಅವರು ಹೇಳುತ್ತಿದ್ದ ಬಗೆಯನ್ನು ಕೇಳಿಯೇ ಅನುಭವಿಸಬೇಕು. ಬೆಳಗಿನ ನೋಡೋಣದಲ್ಲಿ ಭರವಸೆ ಇರುತ್ತಿತ್ತು, ಊಟದ ನಂತರದ ನೋಡೋಣದಲ್ಲಿ ಕರುಣೆ ಇರುತ್ತಿತ್ತು, ಸಂಜೆಯ ನೋಡೋಣದಲ್ಲಿ ವೇದಾಂತ. ಇಲ್ಲ ಎಂದು ಬರೆಯುವವನು ಯಾಕೆ ಇಲ್ಲ ಎಂದೂ ಬರೆಯಬೇಕಾಗುತ್ತದೆ. ಅದನ್ನು ಜನ ಓದುತ್ತಾರೆ, ಓದಿದ ಮೇಲೆ ಜಗಳಕ್ಕೆ ಬರುತ್ತಾರೆ. ಏನೂ ಹೇಳದವನ ಮುಂದೆ ಅದೇ ಜನ ನಮಸ್ಕಾರ ಹಾಕಿಕೊಂಡು ಸಾಲಾಗಿ ನಿಲ್ಲುತ್ತಾರೆ. ಸೈನ್ಯವಿಲ್ಲದೆ, ಲಾಠಿಯಿಲ್ಲದೆ, ಒಂದು ಹನಿ ಶಾಯಿಯ ಖರ್ಚೂ ಇಲ್ಲದೆ ಇಡೀ ಪಟ್ಟಣವನ್ನು ಬಗ್ಗಿಸಿ ನಿಲ್ಲಿಸುವ ಈ ವಿದ್ಯೆ ಸಾಹೇಬರಿಗೆ ಕರತಲಾಮಲಕವಾಗಿತ್ತು.

ಮಾಸ್ತರನೂ ಬಗ್ಗಿ ನಿಂತು ಒಗ್ಗಿಹೋಗಿದ್ದ. ಅವತ್ತು ಔಷಧಿ ಅಂಗಡಿಯವನು ಸಾಲಿನಲ್ಲಿ ಅವನ ಹಿಂದೆ ಬಂದು ನಿಲ್ಲದಿದ್ದರೆ ಇಂದಿಗೂ ಹಾಗೆಯೇ ನಿಂತಿರುತ್ತಿದ್ದ. ಔಷಧಿ ಅಂಗಡಿಯವನು ಪಕ್ಕದ ಮನೆಯವನು. ಬೀದಿಯಲ್ಲಿ ಯಾರಿಗೆ ಯಾವ ಕಾಯಿಲೆ ಎಂಬುದು ಕಾಯಿಲೆಯವರಿಗಿಂತ ಮೊದಲು ಅವನಿಗೆ ಗೊತ್ತಾಗುತ್ತಿತ್ತು, ಅವನ ನಂತರ ಎಲ್ಲರಿಗೂ.

"ಏನ್ ಮಾಸ್ತ್ರೆ, ಇನ್ನೂ ಇಲ್ಲೇ?" ಎಂದ.

ಆ "ಇನ್ನೂ" ಮಾಸ್ತರನಿಗೆ ಸೂಜಿಯ ಹಾಗೆ ಚುಚ್ಚಿತು. "ಇವತ್ತು ಮುಗಿದುಹೋಗುತ್ತೆ. ಸಾಹೇಬರು ನನಗೆ ಚೆನ್ನಾಗಿ ಪರಿಚಯ. ಕಂಡ ತಕ್ಷಣ ಕೂರಿಸ್ಕೊಂಡು ಮಾತಾಡಿಸ್ತಾರೆ," ಎಂದುಬಿಟ್ಟ.

ಸಾಲು ಸರಿಯಿತು. ಸಾಹೇಬರು ತಲೆ ಎತ್ತಿದರು.

"ಯಾರು ನೀವು?"

ಹಿಂದಿನಿಂದ ಔಷಧಿ ಅಂಗಡಿಯವನು ಮೃದುವಾಗಿ ಕೆಮ್ಮಿದ.

"ನಾನು ಸಾರ್... ಹಾಸಿಗೆ... ತಾರಸಿ ಕೋಣೆ..."

"ಓ. ನೋಡೋಣ."

ಎರಡನೆಯ ಸಲ ಕೆಮ್ಮು ಕೇಳಿಸಿತು. ಮಾಸ್ತರನ ಕಿವಿ ಬಿಸಿಯಾಯಿತು. ತಾನು ಏನು ಹೇಳುತ್ತಿದ್ದೇನೆ ಎಂದು ಅವನಿಗೇ ತಿಳಿಯುವ ಮೊದಲು ಬಾಯಿ ಹೇಳಿ ಮುಗಿಸಿತ್ತು: "ಹಾಗಾದ್ರೆ ಕೋರ್ಟಿನಲ್ಲೇ ನೋಡೋಣ ಸಾರ್!"

ಬರೆಯುತ್ತಿದ್ದ ಪೆನ್ನುಗಳು ನಿಂತವು. ಯಾರೋ ಕುಡಿಯುತ್ತಿದ್ದ ಚಹಾ ಗಂಟಲಲ್ಲೇ ನಿಂತಿತು. ಬಾಗಿಲ ಬಳಿ ತೂಕಡಿಸುತ್ತಿದ್ದ ಜವಾನ ಎದ್ದು ನಿಂತು, ಯಾಕೆ ಎದ್ದೆ ಎಂದು ಗೊತ್ತಾಗದೆ ಮತ್ತೆ ಕೂತ. ಮಾಸ್ತರ ತಿರುಗಿ ನಡೆದ. ಗಟ್ಟಿ ಹೆಜ್ಜೆ ಎಂದು ನೋಡಿದವರು ಹೇಳುತ್ತಾರೆ. ನಿಜದಲ್ಲಿ ಸಾಹೇಬರು ಹಿಂದಕ್ಕೆ ಕರೆಯುವ ಮೊದಲು ಬಾಗಿಲು ದಾಟಿಬಿಡಲೆಂದು ನೆಲವನ್ನು ಒದೆಯುತ್ತಾ ನಡೆದಿದ್ದ.

ಅವನು ಮನೆ ಮುಟ್ಟುವ ಮೊದಲೇ ಸುದ್ದಿ ಮುಟ್ಟಿತ್ತು. ಔಷಧಿ ಅಂಗಡಿಯವನ ಹತ್ತಿರ ಸೈಕಲ್ ಇತ್ತು.

"ಮೇಜು ಗುದ್ದಿದರಂತಲ್ಲ!" ಎಂದ ಗಾರೆ ಮೇಸ್ತ್ರಿ, ಹೊಳೆಯುವ ಕಣ್ಣುಗಳಿಂದ.

"ಗುದ್ದಲಿಲ್ಲ ಮಾರಾಯ."

"ಗುದ್ದಿದೆ ಅಂತ ಹೇಳ್ಕೊಳ್ಳದೇ ಇರೋದು ದೊಡ್ಡವರ ಲಕ್ಷಣ ಬಿಡಿ."

ಸಂಜೆಯ ಹೊತ್ತಿಗೆ ಮಾಸ್ತರ ಸಾಹೇಬರ ಕಾಲರು ಹಿಡಿದಿದ್ದ. ಮರುದಿನ ಬೆಳಿಗ್ಗೆ ಅಂಗಡಿ ತೆಗೆದರೆ ಬಾಗಿಲಲ್ಲಿ ಜನ. ನಲ್ಲಿಯ ಅರ್ಜಿ ಕೊಟ್ಟು ಸುಸ್ತಾದವರು, ಚರಂಡಿಯ ಅರ್ಜಿ ಕೊಟ್ಟವರು, ಬೀದಿದೀಪದ ಅರ್ಜಿ ಕೊಟ್ಟು ಕತ್ತಲಲ್ಲಿ ಕಾಲು ಮುರಿದುಕೊಂಡವರು. ಎಲ್ಲರದೂ ಒಂದೇ ಮಾತು: "ನಿಮ್ಮ ಕೇಸಿನ ಜೊತೆ ನಮ್ಮದೂ ಸೇರಿಸ್ಕೊಳ್ಳಿ ಮಾಸ್ತ್ರೆ." ಹಾಸಿಗೆಗೆಂದು ಬಂದವನು ಒಬ್ಬನೂ ಇರಲಿಲ್ಲ. ಮಾಸ್ತರ ಅರಳೆ ಹಿಂಜುವ ಬಿಲ್ಲನ್ನು ಕೈಯಲ್ಲಿ ಹಿಡಿದು, ಎಲ್ಲರಿಗೂ ಗಂಭೀರವಾಗಿ "ಕೋರ್ಟಿನಲ್ಲಿದೆ, ಕೋರ್ಟಿನಲ್ಲಿದೆ" ಎನ್ನುತ್ತಾ ಕೂತ.

"ಯಾವ ಕೋರ್ಟು?" ಎಂದಳು ಹೆಂಡತಿ, ಜನ ಕರಗಿದ ಮೇಲೆ.

"ದೊಡ್ಡದು."

"ಎಲ್ಲಿದೆ ಅದು?"

ಮಾಸ್ತರ ಬಿಲ್ಲಿನ ತಂತಿಯನ್ನು ಒಮ್ಮೆ ಮಿಡಿದು, ಶ್ರುತಿ ಸರಿಯಿಲ್ಲ ಎಂಬಂತೆ ಮುಖ ಮಾಡಿದ.

ಹೆಂಡತಿಗೆ ಅಷ್ಟು ಸಾಕಾಯಿತು. "ಬಾಯಿಬಿಟ್ಟು ಆಡಿದ್ದೀರಿ, ಈಗ ಹೋಗಿ. ಬೇಕರಿ ಮಹಡಿ ಮೇಲೆ ವಕೀಲೆ ಒಬ್ಬರಿದಾರೆ."

ಮಾಸ್ತರ ಹೋದ. ಆದರೆ ಬೇರೆಯೇ ಉದ್ದೇಶ ಇಟ್ಟುಕೊಂಡು ಹೋದ. ವಕೀಲೆ ಎಳೆಯ ವಯಸ್ಸಿನವಳು. ಕೋಣೆ ತುಂಬ ಬ್ರೆಡ್ಡಿನ ಪರಿಮಳ, ಕುರ್ಚಿ ತುಂಬ ಪುಸ್ತಕ. ನಿಂತೇ ಕೇಳಿದ: "ಮೇಡಂ, ಇಂಥ ಸಣ್ಣ ವಿಷಯಕ್ಕೆಲ್ಲ ಕೋರ್ಟಿಗೆ ಹೋಗೋಕಾಗಲ್ಲ, ಅಲ್ವಾ? ಆಗಲ್ಲ ಅಂತ ನೀವೊಂದು ಮಾತು ಹೇಳಿಬಿಟ್ರೆ ಬೀದಿಯವರಿಗೆ ಹೇಳ್ಕೊಂಡು ಸುಮ್ಮನಾಗ್ತೀನಿ."

"ಯಾಕಾಗಲ್ಲ? ಖಂಡಿತ ಆಗುತ್ತೆ!" ವಕೀಲೆಯ ಮುಖ ಬೆಳಗಿತು. "ಅರ್ಜಿ ತಗೊಂಡ ಮೇಲೆ ತೀರ್ಮಾನ ಮಾಡೋದು ಅವರ ಕರ್ತವ್ಯ. ಮಾಡದೇ ಕೂತರೆ, ಮಾಡಿ ಅಂತ ಕೋರ್ಟು ಆಜ್ಞೆ ಕೊಡುತ್ತೆ."

"ಕೋಣೆ ಕಟ್ಟು ಅಂತ ಹೇಳುತ್ತಾ?"

"ಇಲ್ಲ. ಹೌದು ಅಂತಲೋ ಇಲ್ಲ ಅಂತಲೋ, ಏನಾದ್ರೂ ಒಂದು ಹೇಳಿ ಅಂತ ನಗರಸಭೆಗೆ ಹೇಳುತ್ತೆ."

"ಬಾಯಿ ಬಿಡಿ ಅಂತ?"

"ಬಾಯಿ ಬಿಡಿ ಅಂತ."

"ಅಷ್ಟಕ್ಕೆ ದೊಡ್ಡ ಕೋರ್ಟಾ ಮೇಡಂ?"

"ಅಷ್ಟು ಮಾಡಿಸೋಕೆ ಸಣ್ಣ ಕೋರ್ಟಿಗೆ ಶಕ್ತಿ ಸಾಲಲ್ಲ," ಎಂದು ವಕೀಲೆ ಆಗಲೇ ಕಾಗದ ಎಳೆದುಕೊಂಡಳು. ಫೀಸಿನ ಬದಲು ತನ್ನ ಹಳೆಯ ಹಾಸಿಗೆಯ ಅರಳೆ ಹಿಂಜಿ ಕೊಟ್ಟರೆ ಸಾಕು ಎಂದಳು. ಮಾಸ್ತರನ ತಪ್ಪಿಸಿಕೊಳ್ಳುವ ಕೊನೆಯ ದಾರಿಯೂ ಹೀಗೆ ಮುಚ್ಚಿತು.

ವಿಚಾರಣೆಯ ದಿನ ಮಾಸ್ತರ ಇಸ್ತ್ರಿ ಅಂಗಿ ತೊಟ್ಟು, ಕನ್ನಡಿಯ ಮುಂದೆ ಭಾಷಣವೊಂದನ್ನು ಸಿದ್ಧಮಾಡಿಕೊಂಡು ಹೋದ. ಅದರಲ್ಲಿ ಹೆಂಡತಿಯ ನಿದ್ದೆ, ಮಾವನ ಬೀರು, ಪ್ರಜೆಯ ಕಣ್ಣೀರು ಎಲ್ಲ ಇದ್ದವು. ನ್ಯಾಯಾಧೀಶರು ನಗರಸಭೆಯ ವಕೀಲರನ್ನು, "ಏನು ಮಾಡಿದ್ದೀರಿ?" ಎಂದು ಕೇಳಿದರು. "ಪರಿಶೀಲನೆಯಲ್ಲಿದೆ ಮಹಾಸ್ವಾಮಿ," ಎಂದು ಆತ ಎದ್ದು ಹೇಳಿದ. "ಈ ತಿಂಗಳ ಕೊನೆಯೊಳಗೆ ತೀರ್ಮಾನಿಸಿ," ಎಂದರು ನ್ಯಾಯಾಧೀಶರು. ಮುಂದಿನ ಕೇಸು ಕೂಗಿದರು.

"ಮುಗೀತಾ?" ಎಂದ ಮಾಸ್ತರ.

"ಗೆದ್ವಿ!" ಎಂದಳು ವಕೀಲೆ.

"ನಾನು ಮಾತಾಡಲೇ ಇಲ್ಲವಲ್ಲ ಮೇಡಂ."

"ಅದಕ್ಕೇ ಗೆದ್ವಿ."

ಬೀದಿಗೆ ಬಂದಾಗ ಆ "ಗೆದ್ವಿ" ಮಾತ್ರ ಮೊದಲೇ ಬಂದು ಕೂತಿತ್ತು. ಏನನ್ನು ಗೆದ್ದದ್ದು ಎಂಬುದು ದಾರಿಯಲ್ಲೆಲ್ಲೋ ಬಿದ್ದುಹೋಗಿತ್ತು. ಔಷಧಿ ಅಂಗಡಿಯವನು ಅಂಗಡಿಯ ಮೆಟ್ಟಿಲ ಮೇಲೆ ನಿಂತು, "ಕೋಣೆ ಆಯ್ತು! ದೊಡ್ಡ ಕೋರ್ಟೇ ಕಟ್ಟಿಕೋ ಅಂದಿದೆ!" ಎಂದು ಸಾರುತ್ತಿದ್ದ. ಮಾಸ್ತರ, "ಅದು ಹಾಗಲ್ಲ, ತೀರ್ಮಾನ ಮಾಡಿ ಅಂತ ಅಷ್ಟೇ..." ಎಂದು ಆರಂಭಿಸಿದ. ಯಾರೋ ಕೈಗೆ ಚಹಾ ಕೊಟ್ಟರು, ಯಾರೋ ಬೆನ್ನು ತಟ್ಟಿದರು, ಗೋಣಿ ಹೊಲಿಯುವ ಮುದುಕಿಯೊಬ್ಬಳು ಗಲ್ಲ ಸವರಿ, "ನಮ್ಮಂಥವರಲ್ಲೂ ಒಬ್ಬ ಹುಟ್ಟಿದನಲ್ಲ ಮಗಾ," ಎಂದಳು. ಅಂಥ ಹೊತ್ತಿನಲ್ಲಿ ತಿದ್ದುಪಡಿ ಹೇಳುವಷ್ಟು ಕಲ್ಲುಮನಸ್ಸು ಮಾಸ್ತರನಿಗಿರಲಿಲ್ಲ. ಚಹಾ ಕುಡಿದ.

ಗಾರೆ ಮೇಸ್ತ್ರಿ ದಾರ, ತೂಕದ ಗುಂಡು ಹಿಡಿದು ಬಂದೇಬಿಟ್ಟ.

"ಇನ್ನೂ ಕಾಗದ ಬಂದಿಲ್ಲ ಮೇಸ್ತ್ರಿ. ಕೋಣೆ ಮುಟ್ಟೋ ಹಾಗಿಲ್ಲ."

"ಕೋಣೆ ಯಾರು ಮುಟ್ತಾರೆ? ಮೆಟ್ಟಿಲು ಕಟ್ಟಿರೋಣ."

"ಮೆಟ್ಟಿಲಿಗೆ ಅನುಮತಿ ಬೇಡ್ವಾ?"

ಮೇಸ್ತ್ರಿ ಮಗುವಿಗೆ ಪಾಠ ಹೇಳುವವನಂತೆ ಹತ್ತಿರ ಬಂದ. "ಮಾಸ್ತ್ರೆ, ಗೋಡೆಗೆ ಒರಗಿಸಿದ ಏಣಿಗೆ ಯಾರಾದ್ರೂ ಅನುಮತಿ ಕೇಳ್ತಾರಾ? ಮೆಟ್ಟಿಲು ಅಂದ್ರೆ ಅಲುಗಾಡದ ಏಣಿ. ಅಷ್ಟೇ."

ಈ ತರ್ಕದಲ್ಲಿ ಎಲ್ಲೋ ಒಂದು ತೂತಿದೆ ಎಂದು ಮಾಸ್ತರನಿಗೆ ಅನ್ನಿಸಿತು. ಹುಡುಕುವುದರೊಳಗೆ ಇಟ್ಟಿಗೆ ಬಂದಿತ್ತು. ಹೊರಗೋಡೆಗೆ ಅಂಟಿಕೊಂಡು ಚೆಂದದ ಮೆಟ್ಟಿಲು ಎದ್ದಿತು. ಇಷ್ಟು ವರ್ಷ ತಾರಸಿಗೆ ಹೋಗಲು ಬಣ್ಣ ಬಳಿಯುವವನ ಏಣಿಯನ್ನು ಎರವಲು ತಂದಿಟ್ಟುಕೊಂಡಿದ್ದರು. ಇನ್ನು ಬೇಡ ಎಂದು ಅದನ್ನು ಧನ್ಯವಾದ ಹೇಳಿ ಹಿಂದಿರುಗಿಸಿದರು, ಅವನು ಅದನ್ನು ಹೊತ್ತುಕೊಂಡು ಪರವೂರಿನ ಕೆಲಸಕ್ಕೆ ಹೋಗಿಬಿಟ್ಟ. ಮಕ್ಕಳು ಹತ್ತಿ ಇಳಿದರು, ನೆಂಟರು ಹತ್ತಿ ಇಳಿದರು. ಮಾವ ಅರ್ಧಕ್ಕೆ ನಿಂತು, ಕೂಗುವುದಕ್ಕೆ ಪ್ರಶಸ್ತ ಸ್ಥಳ ಎಂದು ಮೆಚ್ಚಿಕೊಂಡರು.

ವಕೀಲೆ ಮಾತ್ರ ನೋಡಿ ಹಣೆ ಚಚ್ಚಿಕೊಂಡಳು. "ಯಾರನ್ನ ಕೇಳಿ ಕಟ್ಟಿಸಿದ್ರಿ?"

"ಅಲುಗಾಡದ ಏಣಿ ಮೇಡಂ," ಎಂದ ಮಾಸ್ತರ ಕ್ಷೀಣವಾಗಿ.

ಈಗ ಓದುಗರು ಒಂದು ವಿಷಯ ಗಮನಿಸಬೇಕು. ಮಾಸ್ತರನ ಅರ್ಜಿ ನಗರಸಭೆಯಲ್ಲಿ ಒಂದು ಮೇಜಿನಿಂದ ಪಕ್ಕದ ಮೇಜಿಗೆ ಹೋಗಲು ಒಂದು ಮಗು ಬೆಳೆಯುವಷ್ಟು ಕಾಲ ಹಿಡಿದಿತ್ತು. ಮೆಟ್ಟಿಲಿನ ಗಾರೆ ಇನ್ನೂ ಹಸಿಯಿದೆ, ಆಗಲೇ ನಗರಸಭೆ ಖುದ್ದಾಗಿ ಬೀದಿಗೆ ಬಂತು! ಮುಂದೆ ಸಾಹೇಬರು, ಹಿಂದೆ ಅಂಟಿನ ಡಬ್ಬ ಹಿಡಿದ ಜವಾನ. ಬಡವನಿಗೆ ಕೊಡುವಾಗ ಕುಂಟುವ ಸರ್ಕಾರ, ಕಿತ್ತುಕೊಳ್ಳುವಾಗ ಓಟದ ಸ್ಪರ್ಧೆಗೆ ನಿಲ್ಲುತ್ತದೆ. ಅದರ ಕಾಲಿಗೆ ಏನೂ ಆಗಿರುವುದಿಲ್ಲ ಎಂಬುದು ಆಗಷ್ಟೇ ಗೊತ್ತಾಗುವುದು.

ಜವಾನ ಮೆಟ್ಟಿಲ ಬುಡದ ಗೋಡೆಗೆ ಅಂಟು ಬಳಿದು ನೋಟೀಸು ಹಚ್ಚಿದ. ಇಬ್ಬರೂ ಬಂದ ವೇಗದಲ್ಲೇ ಹೋದರು. ಹೆಂಡತಿ ಹೊರಗೆ ಬಂದು ಗಟ್ಟಿಯಾಗಿ ಓದಿದಳು: "ಸದರಿ ಮೆಟ್ಟಿಲು ಅನಧಿಕೃತವಾಗಿದ್ದು, ಪ್ರಾಣಾಪಾಯಕಾರಿ ಆಗಿರುವುದರಿಂದ, ಮುಂದಿನ ಲಿಖಿತ ಆದೇಶದವರೆಗೆ ಯಾವುದೇ ವ್ಯಕ್ತಿ ಇದನ್ನು ಹತ್ತುವುದಾಗಲಿ ಇಳಿಯುವುದಾಗಲಿ ಕಟ್ಟುನಿಟ್ಟಾಗಿ ನಿಷೇಧಿಸಲಾಗಿದೆ."

ಓದಿ ಮುಗಿಸಿ ಮೇಲೆ ನೋಡಿದಳು. ಮಾಸ್ತರ ತಾರಸಿಯ ಮೇಲೆ ಬಿಸಿಲಿಗೆ ಅರಳೆ ಹರಡಲು ಹೋಗಿದ್ದವನು, ಗಲಾಟೆ ಕೇಳಿ ಇಳಿಯಲೆಂದು ಒಂದು ಕಾಲನ್ನು ಮೊದಲ ಮೆಟ್ಟಿಲ ಮೇಲೆ ಇಡುತ್ತಿದ್ದ.

"ನಿಲ್ರೀ!" ಎಂದು ಕಿರುಚಿದಳು.

ಕಾಲು ಗಾಳಿಯಲ್ಲೇ ನಿಂತಿತು.

ವಕೀಲೆಯನ್ನು ಕರೆಸಿದರು. ಅವಳು ನೋಟೀಸನ್ನು ಓದಿದಳು, ಮತ್ತೆ ಓದಿದಳು, ಆಮೇಲೆ ಅವಳ ತುಟಿಯ ತುದಿಯಲ್ಲಿ ಏನೋ ಮಿನುಗಿತು. "ಮಾಸ್ತ್ರೆ, ಅಲ್ಲೇ ಇರಿ. ಇಳಿದರೆ ನಗರಸಭೆಯ ಆದೇಶ ಮುರಿದ ಹಾಗೆ. ಕಾನೂನು ಪಾಲಿಸದವನು ಕಾನೂನಿನ ಬಾಗಿಲಿಗೆ ಯಾಕೆ ಬಂದ ಅಂತ ಅವರ ವಕೀಲರು ಕೇಳ್ತಾರೆ. ನೀವು ಊರಿನ ಅತ್ಯಂತ ವಿಧೇಯ ಪ್ರಜೆ ಆಗಿರಬೇಕು."

"ಎಷ್ಟು ಹೊತ್ತು ಮೇಡಂ?"

"ಮುಂದಿನ ಲಿಖಿತ ಆದೇಶದವರೆಗೆ."

"ಅದನ್ನ ಯಾರು ಬರೀಬೇಕು?"

"ಸಾಹೇಬರು."

ಮಾಸ್ತರ ತಾರಸಿಯ ಮೇಲೆ ಮೆಲ್ಲಗೆ ಕೂತುಕೊಂಡ. ಕೆಳಗಿನಿಂದ ಮಾವ, "ಮನುಷ್ಯ ಒಬ್ಬ, ತಾರಸಿ ಸಮೇತ! ಒಂದು ಸಲ..." ಎಂದು ಆರಂಭಿಸಿದ್ದನ್ನು ಮಾಸ್ತರನ ಹೆಂಡತಿ ಕಣ್ಣಲ್ಲೇ ತಡೆದಳು.

ಬುಟ್ಟಿಗೆ ಹಗ್ಗ ಕಟ್ಟಿದರು. ಊಟ ಮೇಲೆ ಹೋಯಿತು, ತಟ್ಟೆ ಕೆಳಗೆ ಬಂತು. ನೀರು ಹೋಯಿತು, ಹೊದಿಕೆ ಹೋಯಿತು, ಬಿಲ್ಲು ಹೋಯಿತು, ಸೂಜಿದಾರ ಹೋಯಿತು. ಮಿಕ್ಕ ವಿಷಯಕ್ಕೆ ಏನು ಮಾಡಿದ ಎಂದು ಕೇಳುವ ಓದುಗರು ಇದ್ದೇ ಇರುತ್ತಾರೆ. ಅವರ ಅರ್ಜಿ ಪರಿಶೀಲನೆಯಲ್ಲಿದೆ.

ಮಾಸ್ತರ ಹಾಸಿಗೆಗಳನ್ನು ಅಲ್ಲೇ ಹೊಲಿಯತೊಡಗಿದ. ಸಿದ್ಧವಾದದ್ದನ್ನು ಸುರುಳಿ ಸುತ್ತಿ ಹಗ್ಗದಲ್ಲಿ ಇಳಿಬಿಡುತ್ತಿದ್ದ. ಬೀದಿಯ ಕೊನೆಯವರೆಗೆ ಕಾಣುವ ಹಾಗೆ ಬಿಳಿ ಅರಳೆ ಹಾರುತ್ತಿತ್ತು. ಇಷ್ಟು ದೊಡ್ಡ ಬೋರ್ಡು ಯಾವ ಅಂಗಡಿಗೂ ಇರಲಿಲ್ಲ, ಗಿರಾಕಿಗಳು ಹೆಚ್ಚಿದರು. ಗಾಳಿ ತಂಪಾಗಿತ್ತು. ಸಂಜೆ ಹಕ್ಕಿಗಳು ಬಂದು ಗೂಡಿಗೆಂದು ಅರಳೆಯ ಎಳೆ ಕದಿಯುತ್ತಿದ್ದವು, ಅವನು ನೋಡಿಯೂ ನೋಡದಂತೆ ಇರುತ್ತಿದ್ದ. ಕೆಳಗೆ, ಮಾವ ಈಗ ಅಂಗಡಿಯಲ್ಲಿ ಅಳಿಯನ ಜಾಗದಲ್ಲಿ ಮಲಗುತ್ತಿದ್ದರು. ನಡುವೆ ಗೋಡೆ ಇದ್ದುದರಿಂದ ತಾಯಿಮಕ್ಕಳಿಗೆ ಎಷ್ಟೋ ವರ್ಷಗಳ ಮೇಲೆ ನಿದ್ದೆ ಬಂದಿತ್ತು.

"ಹೇಗಿದೀರಿ?" ಎಂದು ಹೆಂಡತಿ ಕೆಳಗಿನಿಂದ ಕೇಳಿದಳು. ನಿದ್ದೆಯಾಗಿ ಅವಳ ಮುಖ ತೊಳೆದಂತಾಗಿತ್ತು.

"ಚೆನ್ನಾಗಿದೀನಿ ಕಣೆ. ಒಂದು ಸೂರು ಇದ್ದಿದ್ರೆ ಇನ್ನೂ ಚೆನ್ನಾಗಿರ್ತಿತ್ತು."

"ಅದಕ್ಕೇ ಅಲ್ವೇನ್ರಿ ಇಷ್ಟೆಲ್ಲ. ಮಳೆ ಬಂದ್ರೆ ಏನ್ಮಾಡ್ತೀರಿ? ನೀವು ಕೆಳಗೆ ಬಂದ ದಿನ ಅಪ್ಪ ವಾಪಸ್ ಒಳಗೆ ಬರ್ತಾರೆ. ಆ ಕಾಗದ ಸಿಗಲೇಬೇಕು."

ತಿಂಗಳು ಮುಗಿಯಿತು. ಸಾಹೇಬರು ತೀರ್ಮಾನ ಮಾಡಲಿಲ್ಲ. ಕೋರ್ಟಿಗೂ ನೋಡೋಣ ಎಂದರೆ ಸಾಕು ಅಂದುಕೊಂಡಿದ್ದರು ಪಾಪ. ವಕೀಲೆ ಮತ್ತೆ ಹೋದಳು. ಈ ಸಲ ನ್ಯಾಯಾಧೀಶರು ಸಾಹೇಬರನ್ನೇ ಕರೆಸಿ ನಿಲ್ಲಿಸಿದರು. ಅಲ್ಲಿ ನಡೆದದ್ದನ್ನು ಔಷಧಿ ಅಂಗಡಿಯವನು ಅಂಗಡಿಗೆ ಬೀಗ ಹಾಕಿ ಹೋಗಿ ಕೇಳಿಸಿಕೊಂಡು ಬಂದು, ಬೀದಿಯ ನಡುವೆ ನಿಂತು ಎರಡೂ ಕಡೆಯ ಧ್ವನಿಯಲ್ಲಿ ಆಡಿ ತೋರಿಸಿದ. ಎಂದೂ ಇಲ್ಲದ ಹಾಗೆ ಅವತ್ತು ಅವನು ಹೇಳಿದ್ದೆಲ್ಲ ನಿಜವಾಗಿತ್ತು.

"ಯಾಕೆ ತೀರ್ಮಾನ ಮಾಡಲಿಲ್ಲ?" ನ್ಯಾಯಾಧೀಶರ ಧ್ವನಿ, ಹುಬ್ಬು ಮೇಲೆ.

"ಸ್ಥಳ ಪರಿಶೀಲನೆ ಆಗಬೇಕಿತ್ತು ಮಹಾಸ್ವಾಮಿ. ಎಷ್ಟು ಹುಡುಕಿದರೂ ವಿಳಾಸ ಪತ್ತೆಯಾಗಲಿಲ್ಲ." ಸಾಹೇಬರ ಧ್ವನಿ, ಕೈ ಕಟ್ಟಿಕೊಂಡು.

ಆಗ ವಕೀಲೆ ಎದ್ದಳಂತೆ. ಗೋಡೆಗೆ ಹಚ್ಚಿದ್ದ ನೋಟೀಸಿನ ಫೋಟೊ ಮುಂದಿಟ್ಟಳಂತೆ. ವಿಳಾಸ ಅದರಲ್ಲಿ ಬಾಗಿಲ ಸಂಖ್ಯೆಯ ಸಮೇತ ಇತ್ತಂತೆ.

"ಮನೆ ಸಿಗಲಿಲ್ಲ, ಮೆಟ್ಟಿಲು ಸಿಕ್ಕಿತೇ?" ಎಂದರು ನ್ಯಾಯಾಧೀಶರು. ಸಾಹೇಬರು ನೆಲ ನೋಡಿದರು. "ಅರ್ಜಿದಾರ ಎಲ್ಲಿ?"

"ತಾರಸಿ ಮೇಲೆ ಮಹಾಸ್ವಾಮಿ. ಇವರ ಆದೇಶ ಪಾಲಿಸುತ್ತಾ ಕೂತಿದ್ದಾರೆ," ಎಂದಳು ವಕೀಲೆ.

ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸಿದರಂತೆ. ಒರೆಸುವಾಗ ಭುಜ ಕುಲುಕುತ್ತಿತ್ತಂತೆ. ಮತ್ತೆ ಕನ್ನಡಕ ಹಾಕಿದಾಗ ಮುಖ ಕಲ್ಲಾಗಿತ್ತು. ಇವತ್ತು ಸಂಜೆ ಕಚೇರಿ ಮುಚ್ಚುವುದರೊಳಗೆ ತೀರ್ಮಾನ ಆಗಬೇಕು, ಅದನ್ನು ಅಧಿಕಾರಿಯೇ ಖುದ್ದಾಗಿ ಅರ್ಜಿದಾರನ ಕೈಗೆ ಕೊಡಬೇಕು, ಇಲ್ಲವಾದರೆ ನಾಳೆ ಬರುವಾಗ ಹಲ್ಲುಜ್ಜುವ ಕಡ್ಡಿ, ಹೊದಿಕೆ ಜೊತೆಯಲ್ಲೇ ತನ್ನಿ ಎಂದರಂತೆ.

ಔಷಧಿ ಅಂಗಡಿಯವನು ಆಟ ಮುಗಿಸುವ ಹೊತ್ತಿಗೆ ಸಾಹೇಬರೇ ಬೀದಿಯ ತಿರುವಿನಲ್ಲಿ ಕಾಣಿಸಿಕೊಂಡರು. ಕೈಯಲ್ಲಿ ಕಾಗದ, ಹಣೆಯ ಮೇಲೆ ಬೆವರು. ಹಿಂದೆ ಜವಾನ. ಬೀದಿಯೆಲ್ಲ ಹೊರಗೆ ಬಂತು.

"ಕೊಟ್ಟಾಗಿದೆ! ಅನುಮತಿ ಕೊಟ್ಟಾಗಿದೆ!" ಎಂದು ಸಾಹೇಬರು ದೂರದಿಂದಲೇ ಕಾಗದ ಆಡಿಸಿದರು. "ಕೋಣೆ, ಕಿಟಕಿ, ಮೆಟ್ಟಿಲು ಎಲ್ಲಾನೂ ಇದರಲ್ಲಿದೆ. ಇಳಿದು ಬಾ, ತಗೋ, ರುಜು ಹಾಕು."

ಬೀದಿ ಹೋ ಎಂದಿತು. ಹೆಂಡತಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. ಮಾಸ್ತರ ತಾರಸಿಯ ಅಂಚಿಗೆ ಬಂದು ನಿಂತ, ತಲೆ ತುಂಬ ಅರಳೆ.

"ಬಹಳ ಸಂತೋಷ ಸಾರ್. ಆದರೆ ಇಳಿಯೋ ಹಾಗಿಲ್ಲವಲ್ಲ. ಅಲ್ಲೇ ನಿಮ್ಮ ಪಕ್ಕದಲ್ಲೇ ಬರೆದಿದೆ ನೋಡಿ."

ಸಾಹೇಬರು ಗೋಡೆ ನೋಡಿದರು. ಅವರದೇ ರುಜು ಅವರನ್ನೇ ನೋಡುತ್ತಿತ್ತು.

"ಅದನ್ನ ಬಿಡಪ್ಪ. ನಾನೇ ಹೇಳ್ತಿದೀನಲ್ಲ."

"ಲಿಖಿತ ಆದೇಶ ಅಂತಿದೆ ಸಾರ್. ಬರೆದುಕೊಟ್ಟರೆ ಈಗಲೇ ಇಳೀತೀನಿ."

"ನೋಟೀಸು ಹಿಂದಕ್ಕೆ ತಗೊಳ್ಳೋಕೆ ನೀನೊಂದು ಅರ್ಜಿ ಕೊಡಬೇಕಾಗುತ್ತೆ," ಎಂದರು ಸಾಹೇಬರು, ಅಭ್ಯಾಸಬಲದಿಂದ. "ಕೊಡು, ನೋಡೋ..."

ನಾಲಿಗೆ ಕಚ್ಚಿಕೊಂಡರು. ಆದರೆ ಬೀದಿ ಉಳಿದ ಅಕ್ಷರವನ್ನು ತಾನೇ ಪೂರ್ತಿ ಮಾಡಿ ಗೊಳ್ಳೆಂದಿತು.

"ಏಯ್, ನೀನು ಹತ್ತು," ಎಂದರು ಜವಾನನಿಗೆ.

ಜವಾನ ಮೆಟ್ಟಿಲನ್ನು ಮೇಲಿನಿಂದ ಕೆಳಗೆ ನೋಡಿದ. "ಪ್ರಾಣಾಪಾಯಕಾರಿ ಅಂತ ನಾನೇ ಅಂಟಿಸಿದ್ದು ಸಾಹೇಬ್ರೆ. ಮನೇಲಿ ಹೆಂಡ್ತಿ ಮಕ್ಕಳಿದಾರೆ. ಅಲ್ಲದೆ ಖುದ್ದಾಗಿ ಅಂದಿದಾರಂತೆ."

"ಪ್ರಾಣಾಪಾಯ ನನ್ನ ಮೆಟ್ಟಿಲಿಂದಾನಾ?" ಎಂದು ಗಾರೆ ಮೇಸ್ತ್ರಿ ಕೆರಳಿ ಮುಂದೆ ಬಂದ. ನಾಲ್ಕು ಜನ ಹಿಡಿದುಕೊಂಡರು.

ಸಾಹೇಬರ ಕಣ್ಣು ಬುಟ್ಟಿಯ ಮೇಲೆ ಬಿತ್ತು. ಕಾಗದವನ್ನು ಬುಟ್ಟಿಗೆ ಹಾಕಲು ಬಾಗಿದರು. ಕೋರ್ಟಿನಿಂದ ಬಂದು ನಿಂತಿದ್ದ ವಕೀಲೆ ಬುಟ್ಟಿಯನ್ನು ಮೆಲ್ಲಗೆ ಪಕ್ಕಕ್ಕೆ ಸರಿಸಿದಳು. "ಕೈಗೆ ಅಂತ ಆಜ್ಞೆ ಆಗಿದೆ ಸಾರ್. ಬುಟ್ಟಿಗೆ ಅಂತ ಆಗಿಲ್ಲ."

ಬಿಸಿಲು ಗೋಡೆಯಿಂದ ಜಾರತೊಡಗಿತ್ತು. ಕಚೇರಿ ಮುಚ್ಚುವ ಹೊತ್ತು ಹತ್ತಿರವಾಗುತ್ತಿತ್ತು. ಸಾಹೇಬರ ಧ್ವನಿ ಬದಲಾಯಿತು. "ನೋಡು, ನಾನು ಈ ಕಾಗದ ಹರಿದು ಹಾಕಿದ್ರೆ ನಿನ್ನ ಕೋಣೆ ಹೋಯ್ತು. ನನಗೇನಾಗುತ್ತೋ ಆಗಲಿ. ನಿನ್ನ ಕೋಣೆ ಹೋಯ್ತು. ಗೊತ್ತಾಯ್ತಾ?"

ನಗು ನಿಂತಿತು.

"ಇಳಿದು ಬನ್ರೀ," ಎಂದಳು ಹೆಂಡತಿ. ಅವಳ ಧ್ವನಿ ಒಡೆದಿತ್ತು. "ಸಿಕ್ತಲ್ಲ, ಸಾಕು. ಯಾಕೆ ಹಟ?"

"ಇಳಿದುಬಿಡಿ ಮಾಸ್ತ್ರೆ," ಎಂದ ಔಷಧಿ ಅಂಗಡಿಯವನೂ. "ನಾಲ್ಕು ಹೆಜ್ಜೆ ಅಷ್ಟೇ."

ಮಾವ ಕೂಡ, "ಇಷ್ಟು ಒಳ್ಳೆ ಬೆಲೆ ಮತ್ತೆ ಬರಲ್ಲ ಅಳಿಯಂದ್ರೆ," ಎಂದರು.

ವಕೀಲೆ ಮಾತ್ರ ಬುಟ್ಟಿ ಹಿಡಿದು ಮೇಲೆ ನೋಡುತ್ತಾ ನಿಂತಳು.

ಮಾಸ್ತರ ಹೆಂಡತಿಯ ಮುಖ ನೋಡಿದ. ಸಾಹೇಬರ ಕೈಯಲ್ಲಿದ್ದ ಕಾಗದ ನೋಡಿದ. ಸಂಜೆಗಾಳಿಗೆ ಅದರ ತುದಿ ಹೊಡೆದುಕೊಳ್ಳುತ್ತಿತ್ತು. ಆಮೇಲೆ ಅರ್ಧ ಹೊಲಿದಿದ್ದ ಹಾಸಿಗೆಯನ್ನು ಮೆಟ್ಟಿಲ ತಲೆಗೆ ಎಳೆದು ತಂದು, ಅದರ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು, ಪಕ್ಕದಲ್ಲಿ ಒಬ್ಬರಿಗೆ ಆಗುವಷ್ಟು ಜಾಗ ಬಿಟ್ಟು, ಆ ಜಾಗವನ್ನು ಅಂಗೈಯಿಂದ ಒರೆಸಿ ನಯ ಮಾಡಿದ.

"ಮೆಟ್ಟಿಲು ಗಟ್ಟಿಯಾಗಿದೆ ಸಾರ್," ಎಂದ. "ಹತ್ತಿ ಬನ್ನಿ."

"ಇದೇ ಕೊನೆ ಸಲ ಹೇಳ್ತಿದೀನಿ," ಎಂದು ಸಾಹೇಬರು ಬೀದಿ ನಡುಗುವಂತೆ ಕೂಗಿದರು. "ಇಳಿ ಕೆಳಗೆ!"

"ಇಳಿಯಲ್ಲ ಸಾರ್," ಎಂದ ಮಾಸ್ತರ.